ಮೂರು ಖಾನೆ ಖಾಲಿಯಿದ್ದರೆ

ಟಿಕ್ ಟಿಕ್ ಟಿಕ್ ಎನ್ನುತ್ತಿರುವುದು ಮುಂದಿನ ಕಾರಿನದಲ್ಲ, ತನ್ನದೇ, ರಸ್ತೆಯಿಂದ ಶಾಲೆಯ ಗೇಟಿಗೆ ತಿರುಗುವಾಗ ಹಾಕಿದ ಇಂಡಿಕೇಟರು ಇನ್ನೂ ಆಫ್ ಆಗಿಲ್ಲ, ಎಷ್ಟು ಹೊತ್ತಿನಿಂದ ಹೀಗೆ ಬಡಿದುಕೊಳ್ಳುತ್ತಿತ್ತೋ, ಹಿಂದಿನ ಕಾರಿನವಳು ಏನಂದುಕೊಂಡಳೋ, ಇವಳು ತಿರುಗುವುದಾದರೂ ಎಲ್ಲಿಗೆ, ಎಡಕ್ಕೆ ಕೇಸರಿ ಕೋನುಗಳ ಸಾಲು, ಬಲಕ್ಕೆ ಬೇಲಿಗಿಡ, ಮುಂದೆ ಮೂವತ್ತು ಕಾರು, ಹಿಂದೆಯೂ ಅಷ್ಟೇ — ಸಿದ್ದೇಶ್ವರಿ ಕಡ್ಡಿ ಎತ್ತಿ ಸದ್ದು ನಿಲ್ಲಿಸಿದಳು. ಒಮ್ಮೆ ಈ ಸಾಲಿಗೆ ಹೊಕ್ಕರೆ ಮಗು ಹತ್ತುವ ತನಕ ಹೊರಬೀಳುವ ದಾರಿಯಿಲ್ಲ. ಬೇರೆ ದಿನವಾಗಿದ್ದರೆ ಗಂಡ ಅವಿನಾಶ್ ಬರುತ್ತಿದ್ದ, ಬುಧವಾರ ಅವನು ಅಟ್ಲಾಂಟಾದ ಆಫೀಸಿಗೇ ಹೋಗಬೇಕು, ಇಲ್ಲಿ ಆಲ್ಫರೆಟ್ಟಾದಿಂದ ಒಂದು ಗಂಟೆ ದಾರಿ, ಅವನನ್ನು ಕೇಳುವುದಾದರೂ ಏನೆಂದು, ಇವತ್ತು ನನಗೊಂದು ಮೀಟಿಂಗ್ ಇದೆ ಎಂದರೆ ನಿನಗೆ ದಿನಾ ಇರತ್ತಲ್ವಾ ಎನ್ನುತ್ತಾನೆ, ಇದು ದಿನಾ ಇರುವಂಥದಲ್ಲ ಎಂದರೆ ಯಾಕೆ ಏನಾಯ್ತು ಎನ್ನುತ್ತಾನೆ, ಆಮೇಲೆ ಹೇಳಬೇಕಾಗುತ್ತದೆ. ಗಾಜಿನ ಕೆಳಗೆ ಹಳದಿ ಕಾರ್ಡು, ದಪ್ಪಕ್ಷರದಲ್ಲಿ 214, ಈ ಸಾಲಿನಲ್ಲಿ ತಾನು ಮಾನ್ಯಾಳ ಅಮ್ಮನೂ ಅಲ್ಲ, ಸಿದ್ದೇಶ್ವರಿಯೂ ಅಲ್ಲ, 214. ಫೋನನ್ನು ಗೇರಿನ ಪಕ್ಕದಲ್ಲಿ ಓರೆಯಾಗಿ ನಿಲ್ಲಿಸಿದ್ದಾಳೆ, ಬೇಲಿಗೆ ಸಿಕ್ಕಿಸಿದ ಬೋರ್ಡು ಫೋನು ಬಳಸಬೇಡಿ ಎನ್ನುತ್ತಿದೆ, ಎರಡೂವರೆಗೆ ಮೀಟಿಂಗು, ಈಗ ಎರಡು ಇಪ್ಪತ್ತೆಂಟು, ಸೇರು ಎಂಬ ನೀಲಿ ಗುಂಡಿಯನ್ನು ಒತ್ತುವ ಮೊದಲು ಮೈಕು ಮುಚ್ಚಿದೆಯೇ ಎಂದು ನೋಡಿದಳು, ಮುಚ್ಚಿದೆ, ಕ್ಯಾಮೆರಾ ಮುಚ್ಚಿದೆ, ಮತ್ತೊಮ್ಮೆ ನೋಡಿದಳು, ಮುಚ್ಚಿಯೇ ಇದೆ.

ಚಿಕ್ಕ ಚಿಕ್ಕ ಚೌಕಗಳು ಒಂದೊಂದಾಗಿ ಬಂದವು, ಕ್ಯಾರಲ್, ಚರಿತ್ರೆಯ ಟ್ರಸ್ಟಿನವಳು, ಬೆಳ್ಳಿ ಕೂದಲು, ಬೆನ್ನ ಹಿಂದೆ ಪುಸ್ತಕದ ಗೋಡೆ, ಶೇಷಾದ್ರಿ, ತನ್ನ ಕನ್ಸಲ್ಟೆನ್ಸಿಯ ಯಜಮಾನ, ಹಣೆಗೆ ಸಣ್ಣ ಕುಂಕುಮ, ಮೀಟಿಂಗಿಗೆಂದೇ ಹಾಕಿದ ಕೋಟು, ಬಸವಕುಮಾರ್, ತನ್ನ ಜೊತೆ ಕೆಲಸ ಮಾಡುವ ಹುಡುಗ, ಬಸು, ಕ್ಷೌರ ಮಾಡಿಕೊಂಡು ಬಂದಿದ್ದಾನೆ, ಅಯ್ಯೋ, ಪರೀಕ್ಷೆಗೆ ಹೊರಟವನ ಹಾಗೆ. ಹಾಯ್ ಫ್ನೂ, ಎಂದಳು ಕ್ಯಾರಲ್, ತನ್ನನ್ನೇ. ಪಾಸ್‌ಪೋರ್ಟಿನಲ್ಲಿ ಒಂದೇ ಹೆಸರು, ವೀಸಾ ಕೊಟ್ಟವರು ಮುಂದೆ ಎಫ್ ಎನ್ ಯು ಎಂದು ಹಾಕಿದರು, ಮೊದಲ ಹೆಸರು ತಿಳಿಯದು ಎಂಬುದರ ಮೂರಕ್ಷರ, ಇಲ್ಲಿನ ಜನ ಅದನ್ನೇ ಹೆಸರೆಂದುಕೊಂಡು ಪ್ರೀತಿಯಿಂದ ಫ್ನೂ ಎನ್ನುತ್ತಾರೆ, ಬಸು ಬಿದ್ದು ಬಿದ್ದು ನಕ್ಕಿದ್ದ, ಅಕ್ಕ, ಯಾವ್ದೋ ಬೆಕ್ಕಿನ್ ಮರಿ ಕರ್ದಂಗೆ ಕರೀತಾರಲ್ಲ ನಿಮ್ನ. ಒಂದು ಖಾನೆ ತನ್ನದೂ ಖಾಲಿಯೇ, ಗೊತ್ತಿತ್ತು, ಗೊತ್ತಿದ್ದೂ ಪ್ರೋಗ್ರಾಮಿನಲ್ಲಿ ಆ ಸಾಲು ಬರೆದಳು — ಒಂದೇ ಸಾಲು, ಯಾರು ಬೇಕಾದರೂ ಬರೆಯುವಂಥದು, ದಾಖಲೆ ಶುಚಿ ಮಾಡುವವರೆಲ್ಲ ಬರೆಯುವಂಥದು, ಮೂರು ಅಥವಾ ಹೆಚ್ಚು ಖಾನೆ ಖಾಲಿಯಿದ್ದರೆ ಆ ಸಾಲನ್ನು ತೆಗೆ.

ತೆಗೆದದ್ದು ಮನುಷ್ಯರನ್ನು ಎಂದು ಆಗ ಹೊಳೆಯಲಿಲ್ಲ. ಸಾವಿರದ ಎಂಟುನೂರ ಅರವತ್ತೆಂಟರಲ್ಲಿ ಅಟ್ಲಾಂಟಾದಲ್ಲಿ ಸೇರಿದ ಶಾಸನಸಭೆ, ಅದರ ಸದಸ್ಯರೆಷ್ಟು, ಯಾರು ಯಾವ ಕೌಂಟಿಯವರು, ಸ್ಪೀಕರ್ ಯಾರು, ಸೆನೆಟ್ಟಿನ ಅಧ್ಯಕ್ಷ ಯಾರು, ಎಲ್ಲವನ್ನೂ ಹಳೆಯ ನಡಾವಳಿ ಪುಸ್ತಕಗಳಿಂದ ಎತ್ತಿ ವೆಬ್‌ಸೈಟಿಗೆ ಏರಿಸುವ ಕೆಲಸ. ಮುಖಂಡರಿಂದ ಶುರುಮಾಡಿದಳು, ಅವರ ಸಾಲುಗಳಲ್ಲಿ ಒಂದು ಖಾನೆಯೂ ಖಾಲಿಯಿಲ್ಲ, ಹುಟ್ಟಿದ ದಿನ, ಅಪ್ಪನ ಹೆಸರು, ಕಾಲೇಜು, ಹೆಂಡತಿ, ಎರಡನೆಯ ಹೆಂಡತಿ, ಚರ್ಚು, ಸಮಾಧಿ ಎಲ್ಲಿದೆ ಎನ್ನುವ ತನಕ, ನೋಡಿ ಮನಸ್ಸಿಗೆ ಎಷ್ಟು ಹಿತವಾಗಿತ್ತು, ಅಡಿಗೆಮನೆಯಲ್ಲಿ ಡಬ್ಬಿಗಳೆಲ್ಲ ತುಂಬಿದ್ದ ಹಾಗೆ. ಆಮೇಲಿನವರು ಹಾಗಿರಲಿಲ್ಲ. ಕೆಲವರಿಗೆ ಕೊನೆಯ ಹೆಸರು ಮಾತ್ರ, ಹುಟ್ಟಿದ್ದು ಎಂದೋ ಗೊತ್ತಿಲ್ಲ, ಅಪ್ಪ ಯಾರೋ ಗೊತ್ತಿಲ್ಲ, ಬರೆದಿಟ್ಟವರಿಲ್ಲ, ಅದಕ್ಕೆ ಮೂರು ವರ್ಷದ ಹಿಂದಿನ ತನಕ ಗುಲಾಮರಾಗಿ ಇನ್ನೊಬ್ಬರ ಸೊತ್ತಾಗಿದ್ದವರಿಗೆ ಹುಟ್ಟಿದ ದಿನ ಬರೆದಿಡುವವರಾರು. ಅದೇ ಸೆಪ್ಟೆಂಬರಿನಲ್ಲಿ ಕಪ್ಪು ಸದಸ್ಯರನ್ನು ಸಭೆ ಹೊರಹಾಕಿತು, ಓಟು ಹಾಕುವ ಹಕ್ಕಿದೆ, ಕೂರುವ ಹಕ್ಕಿಲ್ಲ ಎಂದು, ಅವರಿಗಿಂತ ಕಡಿಮೆ ಓಟು ಬಿದ್ದವರನ್ನು ಕರೆತಂದು ಆ ಕುರ್ಚಿಗಳಲ್ಲಿ ಕೂರಿಸಿತು, ಒಂದೂಕಾಲು ವರ್ಷದ ಮೇಲೆ ಇವರು ಮರಳಿ ಬಂದರು. ಇದನ್ನು ಓದಿ ಬಸು ಅಂದಿದ್ದ, ನಮ್ ಕಡೆ ಆಗಿದ್ರೆ ಎಲ್ಲಾರ್ನೂ ಬಸ್ಸಿಗೆ ಹತ್ತಿಸಿ ರೆಸಾರ್ಟಿಗೆ ಕರ್ಕೊಂಡ್ ಹೋಗಿರೋರು ಅಕ್ಕ, ಇವ್ರಿಗೆ ಒಂದು ಮಸಾಲೆದೋಸೆನೂ ಇಲ್ದೆ ಹೊರಗೆ ಹಾಕಿದಾರೆ, ತಾನೂ ನಕ್ಕಿದ್ದಳು. ಆ ಸಭೆಗೆ ಚರ್ಚೆ ಬೇಕಾಯಿತು, ಭಾಷಣ ಬೇಕಾಯಿತು, ಸ್ಪೀಕರ್ ಹೆಸರು ಕೂಗಿಸಬೇಕಾಯಿತು, ತನಗೆ ಒಂದು ಸಾಲು ಸಾಕಾಯಿತು, ಪಟ್ಟಿಯಿಂದ ಇಪ್ಪತ್ತೆರಡು ಜನ ಹೋದರು, ಅವರ ಕುರ್ಚಿಗಳಲ್ಲಿ ಆ ಸೋತವರೇ ಪೂರ್ತಿ ಅವಧಿಗೆ ಕೂತುಬಿಟ್ಟರು, ಯಾರೂ ಮರಳಿ ಬರಲಿಲ್ಲ, ಸೈಟು ಲೈವ್ ಆಯಿತು, ಎಲ್ಲರೂ ಚಪ್ಪಾಳೆಯ ಚಿತ್ರ ಕಳಿಸಿದರು.

ಸಾಲು ಮುಂದೆ ಸರಿಯಿತು, ಎರಡು ಕಾರಿನಷ್ಟು, ಬ್ರೇಕು ಬಿಟ್ಟಳು, ಒತ್ತಿದಳು. ಕ್ಯಾರಲ್ ಹೇಳುತ್ತಿದ್ದಾಳೆ, ನಮಗೆ ಬೇಕಿರುವುದು ಬೈಗುಳವಲ್ಲ, ತಿಳಿವಳಿಕೆ, ಆದರೆ ಟ್ರಸ್ಟಿಗೆ ಒಂದು ಹೆಸರು ಬೇಕು, ಆ ನಿಯಮ ಬರೆದವರು ಯಾರು. ಮೃದುವಾದ ದನಿ, ಇಲ್ಲಿಯ ದಕ್ಷಿಣದವರ ದನಿ. ನಿಮ್ಮ ದಾಖಲೆಯ ಪ್ರಕಾರ ಫೆಬ್ರವರಿ ಹದಿನೇಳು, ಬಿ. ಕುಮಾರ್. ಫೆಬ್ರವರಿ ಹದಿನೇಳು, ತನ್ನ ಕೆಲಸದ ಪರವಾನಗಿ ಕಾರ್ಡು ಮುಗಿದು ಹೊಸತು ಬಾರದ ನಲವತ್ತೊಂದು ದಿನಗಳಲ್ಲಿ ಇಪ್ಪತ್ತಮೂರನೆಯದು. ಅವಿನಾಶನ ವೀಸಾದ ಬಾಲಕ್ಕೆ ಕಟ್ಟಿದ ವೀಸಾ ತನ್ನದು, ಕೆಲಸ ಮಾಡಲು ಬೇರೆ ಕಾರ್ಡು, ಅದನ್ನು ನವೀಕರಿಸಲು ಆರು ತಿಂಗಳ ಮೊದಲೇ ಕಳಿಸಿದರೂ ಬರಲಿಲ್ಲ, ಕಾರ್ಡು ಇಲ್ಲದೆ ಒಂದು ದಿನವೂ ಕೆಲಸ ಮುಟ್ಟುವ ಹಾಗಿಲ್ಲ, ರಜೆಯೆಂದು ಬರೆದುಕೊಟ್ಟು ಮನೆಯಲ್ಲಿ ಕೂತಿದ್ದಳು, ಆಗ ಶೇಷಾದ್ರಿಯ ಫೋನು, ಮೇಡಂ, ಬಸವ ಕೋವಿಡ್ ಬಂದು ಮಲ್ಕೊಂಡಿದಾನೆ, ಕ್ಲೈಂಟ್ ಡೇಟ್ ಕೊಟ್ಬಿಟ್ಟಿದೀನಿ, ಅವ್ನ ಲಾಗಿನ್ ಕಳಿಸ್ತೀನಿ, ಸುಮ್ನೆ ನಾಲ್ಕು ದಿನ ಅದ್ರಲ್ಲೇ ಮಾಡ್ಬಿಡಿ, ಯಾರಿಗೆ ಗೊತ್ತಾಗತ್ತೆ, ನೀವ್ ನಮ್ಮೋರು ಅಂತ ಕೇಳ್ತಿದೀನಿ. ನಮ್ಮೋರು. ಬೇಡ ಎನ್ನಬಹುದಿತ್ತು. ಮನೆಯಲ್ಲಿ ಕೂತು ಕೂತು ಅಂಗೈ ತುರಿಸುತ್ತಿತ್ತು, ಇಲ್ಲ ಎಂದರೆ ಕಾರ್ಡು ಬಂದ ಮೇಲೆ ಕರೆಯುತ್ತಾನೋ ಇಲ್ಲವೋ ಎಂಬ ಭಯವೂ ಇತ್ತು, ನಾಲ್ಕು ದಿನ ಹನ್ನೊಂದಾಯಿತು. ಅವಿನಾಶನಿಗೆ ಹೇಳಲಿಲ್ಲ, ಬಸುಗೂ ಹೇಳಲಿಲ್ಲ, ಆಮೇಲೆ ಹಸಿರು ಕಾರ್ಡಿನ ಅರ್ಜಿಯಲ್ಲಿ ಆ ಪ್ರಶ್ನೆ ಬಂತು, ಅನುಮತಿಯಿಲ್ಲದೆ ಎಂದಾದರೂ ಕೆಲಸ ಮಾಡಿದ್ದೀರಾ, ಹೌದು, ಇಲ್ಲ, ಎರಡು ಚೌಕ, ಇಲ್ಲ ಎಂಬುದರಲ್ಲಿ ಗುರುತು ಹಾಕಿ ಸಹಿ ಮಾಡಿದಳು. ಈಗ ಬಾಯಿ ಬಿಟ್ಟರೆ ಆ ಸಹಿ ಸುಳ್ಳಾಗುತ್ತದೆ, ಹನ್ನೊಂದು ವರ್ಷ ಕಾದ ಫೈಲು, ಅವಿನಾಶನದು, ಮಾನ್ಯಾಳದು, ಎಲ್ಲ ಒಂದೇ ದಾರದಲ್ಲಿ ಪೋಣಿಸಿದ್ದು. ಬಾಯಿ ಬಿಡದಿದ್ದರೆ ಬಸು.

ಮೊನ್ನೆ ಅವನೇ ಫೋನು ಮಾಡಿದ್ದ, ಇವಳು ಒಗ್ಗರಣೆಗೆ ಇಟ್ಟಿದ್ದಳು, ಸಾಸಿವೆ ಸಿಡಿಯುತ್ತಿತ್ತು, ಅಕ್ಕ, ಆ ರೂಲ್ ನಾನೇ ಬರ್ದಿರ್ಬೇಕು, ನನ್ ಲಾಗಿನ್ನಲ್ಲೇ ಇದೆ, ಆವಾಗ ನೂರ ಮೂರು ಜ್ವರ, ಲ್ಯಾಪ್‌ಟಾಪ್ ಎದೆ ಮೇಲೆ ಇಟ್ಕೊಂಡು ಏನೇನ್ ಟೈಪ್ ಮಾಡಿದೀನೋ ಒಂದೂ ಜ್ಞಾಪಕ ಇಲ್ಲ, ನೀವಿದ್ದಿದ್ರೆ ಹಿಡಿದ್ಬಿಡ್ತಿದ್ರಿ ಅಕ್ಕ, ನಿಮ್ ಕಾರ್ಡ್ ಬಂದಿರ್ಲಿಲ್ಲ ಪಾಪ. ಪಾಪ ಎಂದ. ತನಗೆ ಪಾಪ ಎಂದ. ಇವಳು ಅಂದದ್ದು ಇಷ್ಟೇ, ತಲೆ ಕೆಡಿಸ್ಕೋಬೇಡ ಬಸು, ಜ್ವರದಲ್ಲಿ ಯಾರಿಗೆ ಏನು ನೆನಪಿರತ್ತೆ. ಆಮೇಲೆ ಆ ಮಾತನ್ನು ತಿರುಗಿಸಿ ತಿರುಗಿಸಿ ನೋಡಿದಳು, ಅದರಲ್ಲಿ ಒಂದು ಪದವೂ ಸುಳ್ಳಲ್ಲ, ಅದೇ ಭಯವಾಯಿತು, ಇಷ್ಟು ಚೆನ್ನಾಗಿ ಬರುತ್ತದೆಯೇ ತನಗೆ. ಆ ರಾತ್ರಿ ಶೇಷಾದ್ರಿಗೆ ಬರೆದಳು, ನಾನೇ ಹೇಳಿಬಿಡುತ್ತೇನೆ, ಉತ್ತರ ಎರಡೇ ನಿಮಿಷದಲ್ಲಿ ಬಂತು, ಮೇಡಂ, ನಿಮ್ಮ ಜೊತೆ ನನ್ ಕಂಪನಿನೂ ಹೋಗತ್ತೆ, ಕಂಪನಿ ಜೊತೆ ಬಸವನ ವೀಸಾನೂ ಹೋಗತ್ತೆ, ಯೋಚ್ನೆ ಮಾಡಿ, ಕೆಳಗೆ ಕೈಮುಗಿದ ಚಿತ್ರ.

ನಾನು ಕರೆದಿದ್ದೇನೆ, ಎಂದಳು ಕ್ಯಾರಲ್, ನಮಗೆ ಪತ್ರ ಬರೆದವರನ್ನೇ, ಮಿಸ್ ಅರ್ಲೀನ್ ಹೆಂಡ್ರಿ. ಹೊಸ ಚೌಕ ತೆರೆಯಿತು, ಮೊದಲು ಒಂದು ಛಾವಣಿ, ಆಮೇಲೆ ಫ್ಯಾನು, ಆಮೇಲೆ ಮುದುಕಿಯೊಬ್ಬಳ ಗದ್ದ, ಯಾರೋ ಪಕ್ಕದಿಂದ ಸರಿಮಾಡಿದರು, ಎಂಬತ್ತು ದಾಟಿದ ಮುಖ, ಚರ್ಚಿಗೆ ಹೊರಟ ಹಾಗೆ ಮುತ್ತಿನ ಸರ. ನನ್ನ ಮುತ್ತಜ್ಜ ಜೂಬಲ್ ಹೆಂಡ್ರಿ, ಎಂದಳು, ನಿಮ್ಮ ಕಂಪ್ಯೂಟರಿನಲ್ಲಿ ಅವನ ಕುರ್ಚಿಯ ಮೇಲೆ ಅವನೆದುರು ಸೋತವನ ಹೆಸರಿದೆ, ನನ್ನ ಮೊಮ್ಮಗಳು ಶಾಲೆಯ ಪ್ರಾಜೆಕ್ಟಿಗೆ ಹುಡುಕಿದಳು, ಅಜ್ಜಿ, ನೀನು ಹೇಳಿದ್ದು ಕಥೆಯಾ ಎಂದು ಕೇಳಿದಳು. ಮಕ್ಕಳೇ, ಅವನನ್ನು ನೀವು ನೋಡಬೇಕು ಎಂದು ಒಂದು ಚಿತ್ರ ಎತ್ತಿ ಹಿಡಿದಳು, ತೀರ ಹತ್ತಿರ, ಪರದೆಯ ತುಂಬ ಒಂದು ಕೈ, ಮೊಣಕಾಲ ಮೇಲಿನ ಟೋಪಿಯ ಮೇಲೆ ಬೆರಳು ಬಿಡಿಸಿ ಇಟ್ಟ ಕೈ, ಮುಖವಿಲ್ಲ. ಸ್ವಲ್ಪ ಕೆಳಕ್ಕೆ ಮ್ಯಾಮ್, ಎಂದಳು ಕ್ಯಾರಲ್, ಮುದುಕಿಗೆ ಕೇಳಿಸಲಿಲ್ಲ, ಅಥವಾ ಮೇಲಕ್ಕೆ ಎಂದು ಕೇಳಿಸಿತೋ, ಚಿತ್ರ ಇನ್ನಷ್ಟು ಮೇಲೆ ಹೋಯಿತು, ಬೂಟು ಬಂತು, ಮತ್ತೆ ಇಳಿಯಿತು, ಮತ್ತೆ ಆ ಕೈ, ಟೋಪಿ ಹಾರಿಹೋಗದಂತೆ ಒತ್ತಿ ಹಿಡಿದ ಹಾಗೆ, ಸ್ಟುಡಿಯೋದ ಒಳಗೆ ಗಾಳಿ ಎಲ್ಲಿಂದ ಬರಬೇಕು, ಅಲ್ಲಿ ಯಾರು ಕಸಿಯುತ್ತಾರೆ, ಆದರೂ ಒತ್ತಿ ಹಿಡಿದಿದ್ದಾನೆ.

ನಾನು ಬರೆದದ್ದು, ಎಂದ ಬಸು.

ಯಾರೂ ಕೇಳುವ ಮೊದಲೇ ಎಂದುಬಿಟ್ಟ, ಅವನ ಇಂಗ್ಲಿಷು ಯಾವಾಗಲೂ ಓಡುತ್ತದೆ, ಇವತ್ತು ನಿಧಾನ, ಮ್ಯಾಮ್, ಆ ನಿಯಮ ನಾನು ಬರೆದದ್ದು, ಹುಷಾರಿರಲಿಲ್ಲ, ಆದರೆ ಅದು ಕಾರಣವಲ್ಲ, ನಾನು ಆ ಸಾಲುಗಳನ್ನು ನೋಡಬೇಕಿತ್ತು, ನೋಡಲಿಲ್ಲ, ನಿಮ್ಮ ಮೊಮ್ಮಗಳಿಗೆ ದಯವಿಟ್ಟು ಹೇಳಿ, ಅದು ಕಥೆಯಲ್ಲ. ಸಿದ್ದೇಶ್ವರಿಯ ಹೆಬ್ಬೆರಳು ಮೈಕಿನ ಗುರುತಿನ ಮೇಲಿದೆ, ಒತ್ತಿಲ್ಲ, ಮೇಲಿದೆ. ನಾನು, ಎಂಬುದು ಒಂದೇ ಪದ, ಇಂಗ್ಲಿಷಿನಲ್ಲಾದರೆ ಒಂದೇ ಅಕ್ಷರ. ಮುದುಕಿ ತುಸು ಮುಂದೆ ಬಾಗಿದಳು, ಹೆಸರೇನು ಮಗಾ ನಿನ್ನದು, ಬಸವಕುಮಾರ್, ಇನ್ನೊಮ್ಮೆ ಹೇಳು, ಬಸವಕುಮಾರ್, ಬಾಸ್ವಾ ಕುಮಾರ್, ನೋಡು, ಅವತ್ತು ಆ ಸಭೆಯಲ್ಲಿ ಅಷ್ಟು ಜನ ಕೈಯೆತ್ತಿದರು, ಇದು ನಾನು ಮಾಡಿದ್ದು ಎಂದು ಒಬ್ಬನೂ ನಮ್ಮ ಮನೆಯ ಬಾಗಿಲಿಗೆ ಬಂದವನಲ್ಲ, ನೂರೈವತ್ತು ವರ್ಷದಲ್ಲಿ ನೀನೇ ಮೊದಲು. ಬಸು ತಲೆ ತಗ್ಗಿಸಿದ. ಕ್ಯಾರಲ್ ಕನ್ನಡಕ ತೆಗೆದು ಒರೆಸಿಕೊಂಡಳು, ಆದರೂ ಹೇಳಬೇಕಾದದ್ದನ್ನು ಹೇಳಿದಳು, ಟ್ರಸ್ಟು ಬಿ. ಕುಮಾರ್ ಅವರನ್ನು ಈ ಕೆಲಸದಿಂದ ಬಿಡಿಸಲು ಕೇಳುತ್ತದೆ, ವಿಷಾದದಿಂದ. ಶೇಷಾದ್ರಿ ಖಂಡಿತ ಖಂಡಿತ ಎಂದ. ಬೇರೆ ಪ್ರಾಜೆಕ್ಟು ಇಲ್ಲ, ಗೊತ್ತು ಎಲ್ಲರಿಗೂ, ಅರವತ್ತು ದಿನ, ಅಷ್ಟರಲ್ಲಿ ಇನ್ನೊಂದು ಕಂಪನಿ ಸಿಗದಿದ್ದರೆ ದೇಶ ಬಿಡಬೇಕು, ಮೂರನೆಯ ಲಾಟರಿಯಲ್ಲಿ ಸಿಕ್ಕ ವೀಸಾ ಅವನದು, ಅವತ್ತು ಮೈಸೂರುಪಾಕು ತಂದಿದ್ದ, ಕೈಯಾರೆ ಮಾಡಿದ್ದು, ಕಲ್ಲಿನ ಹಾಗಿತ್ತು, ತಿನ್ನಕ್ಕಲ್ಲ ಅಕ್ಕ, ಗೋಡೆ ಕಟ್ಟಕ್ಕೆ ಎಂದಿದ್ದ. ಮತ್ತೆ ಯಾರಾದರೂ ಏನಾದರೂ ಹೇಳುವುದಿದೆಯೇ, ಎಂದಳು ಕ್ಯಾರಲ್, ಫ್ನೂ?

ಹಿಂದಿನಿಂದ ಹಾರನ್ನಿನ ಸದ್ದು. ಮುಂದೆ ಐದಾರು ಕಾರಿನಷ್ಟು ಬಯಲು ಬಿದ್ದಿದೆ, ವಾಕಿಟಾಕಿ ಹಿಡಿದ ಹೆಂಗಸು ಬಾ ಬಾ ಎಂದು ಕೈಬೀಸುತ್ತಿದ್ದಾಳೆ, ಟೂ ಫೋರ್ಟೀನ್, ಪುಲ್ ಆಲ್ ದ ವೇ ಅಪ್, ಸಿದ್ದೇಶ್ವರಿ ಕೈಯನ್ನು ಸ್ಟಿಯರಿಂಗಿಗೆ ತಂದಳು, ತರಲೇಬೇಕಿತ್ತಲ್ಲ, ಹಿಂದೆ ಅಷ್ಟು ಕಾರುಗಳು, ಮಕ್ಕಳು ಬಿಸಿಲಲ್ಲಿ ನಿಂತಿದ್ದಾರೆ, ಕಾರು ಸರಿಯಿತು, ನಿಂತಿತು, ಫ್ನೂ ಲೈನಿನಲ್ಲಿ ಇಲ್ಲವೆಂದು ಕಾಣುತ್ತದೆ, ಸರಿ, ಎಲ್ಲರಿಗೂ ಧನ್ಯವಾದ, ಎಂದಿತು ಫೋನು. ಚೌಕಗಳು ಒಂದೊಂದಾಗಿ ಆರಿದವು, ಕೊನೆಗೆ ಬಸು, ಕ್ಯಾಮೆರಾ ಮುಚ್ಚುವುದನ್ನು ಮರೆತಿದ್ದ, ಅವನೂ ಆರಿದ. ಬಾಗಿಲು ತೆರೆಯಿತು, ಬೆವರು, ಕ್ರಯಾನು, ಮಕ್ಕಳ ಗದ್ದಲ, ಮಾನ್ಯಾ ಬ್ಯಾಗು ಎಸೆದು ಹತ್ತಿದಳು, ಅಮ್ಮಾ, ಹೂ ವರ್ ಯು ಟಾಕಿಂಗ್ ಟು? ಯಾರ ಜೊತೆನೂ ಇಲ್ಲ ಪುಟ್ಟಾ. ಇದೂ ಸುಳ್ಳಲ್ಲ. ಬೆಲ್ಟ್ ಹಾಕೋ. ಹಾಕಿದೆ, ಯು ಲುಕ್ ವಿಯರ್ಡ್. ಫೋನು ಮಿನುಗಿತು, ಬಸುವಿನ ಮೆಸೇಜು, ಅಕ್ಕ ಮುಗೀತು, ಒಂಥರಾ ಹಗುರ ಆಗಿದೆ, ನಿಮಗೆ ಏನೂ ಆಗ್ಲಿಲ್ವಲ್ಲ ಸದ್ಯ, ಸಂಜೆ ಮಾತಾಡೋಣ. ಸಂಜೆ ಮಾತಾಡಬೇಕು. ಅವನಿಗಾಗಿ ರೆಸ್ಟನ್ ಊರಿನಲ್ಲಿ ಯಾರನ್ನಾದರೂ ಕೇಳಬಹುದು, ಕ್ಯಾರಿ ಊರಿನಲ್ಲಿ ಅವಿನಾಶನ ಗೆಳೆಯರಿದ್ದಾರೆ, ಕೆಲಸ ಹುಡುಕಿಕೊಡಬಹುದು, ಊಟಕ್ಕೆ ಕರೆಯಬಹುದು, ಬಿಸಿಬೇಳೆ ಅವನಿಗೆ ಇಷ್ಟ, ಏನು ಬೇಕಾದರೂ ಮಾಡಬಹುದು, ಆ ಒಂದನ್ನು ಬಿಟ್ಟು. ಅವಿನಾಶನಿಗೆ ಇಲ್ಲ, ಬಸುಗೆ ಇಲ್ಲ, ಆ ಮುದುಕಿಗೆ ಇಲ್ಲ, ಮುಂದೆ ಎಂದಾದರೂ ಮಾನ್ಯಾ ದೊಡ್ಡವಳಾದ ಮೇಲೆ — ಇಲ್ಲ, ಅವಳಿಗೂ ಇಲ್ಲ, ಯಾರಿಗೂ ಇಲ್ಲ. ಗೇಟು ದಾಟಿದಳು, ರಸ್ತೆ ತೆರೆದಿದೆ, ಹಸಿರು ದೀಪ, ಅಮ್ಮಾ ಗೋ, ಇಟ್ಸ್ ಗ್ರೀನ್, ಬ್ರೇಕಿನಿಂದ ಕಾಲು ಏಳುತ್ತಿಲ್ಲ, ಗಾಜಿನ ತುಂಬ ಒಂದು ಕೈ, ಮೊಣಕಾಲು, ಟೋಪಿ, ಬೆರಳು ಬಿಡಿಸಿ ಒತ್ತಿ ಹಿಡಿದ ಆ ಕೈ, ಅಮ್ಮಾ, ಆ ಕೈ, ಅದರ ಮೇಲೆ ಮುಖವಿರಬೇಕಾದ ಕಡೆ —