ಹುಲಿಗೆವ್ವನ ಹಣೆಯ ಭಂಡಾರ

ರಾಜರತ್ನ ಹೆಗಲ ಮೇಲಿನ ಬಿಳಿ ಟವೆಲಿನಿಂದ ಸತ್ತ ತಾಯಿಯ ಹಣೆ ಒರೆಸಿಬಿಟ್ಟ. ಸೋದರಮಾವ ಭಾಗಪ್ಪ ಆಗಷ್ಟೇ ಹಚ್ಚಿದ್ದ ಎಲ್ಲವ್ವನ ಭಂಡಾರದ ಅರಿಶಿನ ಟವೆಲಿಗೆ ಬಂತು. ಅಂಗಳದಲ್ಲಿ ಅಳುತ್ತಿದ್ದ ಹೆಂಗಸರು ಒಮ್ಮೆಲೇ ಸುಮ್ಮನಾದರು. ಮರುಗಳಿಗೆಯಲ್ಲಿ ಭಾಗಪ್ಪ ಅಳಿಯನ ಕೊರಳಪಟ್ಟಿ ಹಿಡಿದಿದ್ದ.

ಅವರ ನಡುವೆ ನುಗ್ಗಿದವಳು ಹುಲಿಗೆವ್ವನ ಮಗಳು ನೀಲಾ. ತಿಕೋಟಾದ ಆಸ್ಪತ್ರೆಯಲ್ಲಿ ನರ್ಸ್ ಆಗಿದ್ದ ಅವಳು ಘೋಣಸಗಿಯ ಈ ಮನೆಯಲ್ಲಿ ತಾಯಿಯ ಜೊತೆಗೇ ಇದ್ದವಳು. ಅಣ್ಣ ರಾಜರತ್ನ ವಿಜಯಪುರದಲ್ಲಿ ಕಾಲೇಜು ಮಾಸ್ತರ. ಬೌದ್ಧ ದೀಕ್ಷೆ ತಗೊಂಡ ಮೇಲೆ ಊರಿನ ಯಾವ ಗುಡಿಯ ಹೊಸ್ತಿಲನ್ನೂ ತುಳಿದವನಲ್ಲ. ಭಾಗಪ್ಪನೋ ಓಣಿಯ ಎಲ್ಲವ್ವನ ಗುಡಿಯ ಪೂಜಾರಿ. ಮಾವ ಅಳಿಯ ಒಂದೇ ಪಂಕ್ತಿಯಲ್ಲಿ ಉಂಡು ಎಷ್ಟೋ ವರ್ಷಗಳಾಗಿದ್ದವು.

ಕ್ರೂಸರ್ ಗಾಡಿಯಲ್ಲಿ ಬಂದಿದ್ದ ಬೌದ್ಧ ವಿಹಾರದವರು ಒಂದು ಕಡೆ, ಬಾರಿಸಲು ಹಲಗಿ ಹಿಡಿದು ನಿಂತ ಓಣಿಯವರು ಇನ್ನೊಂದು ಕಡೆ. ಎರಡೂ ಕಡೆ ತೋಳು ಮೇಲೇರತೊಡಗಿದ್ದವು. ನೀಲಾ ಹೋಗಿ ತಾಯಿಯ ತಲೆದೆಸೆಗೆ ಕುಳಿತಳು.

"ಇಬ್ರೂ ಕುಂಡ್ರ್ರಿ. ನಿಮ್ಮ ಮಾತ ಮುಗಿಯೂತನಕ ಅವ್ವನ್ನ ಯಾರೂ ಎತ್ತಾಂಗಿಲ್ಲ."

ಹೆಣದ ಆ ಮಗ್ಗುಲಿಗೊಬ್ಬ, ಈ ಮಗ್ಗುಲಿಗೊಬ್ಬ ಕುಳಿತರು. ಮಾತಲ್ಲ ಅದು, ಕಲ್ಲೆಸೆತ. ಅವ್ವ ವಿಹಾರದಲ್ಲಿ ಬುದ್ಧನಿಗೆ ಕೈಮುಗಿದು ತ್ರಿಸರಣ ಹೇಳಿದವಳು ಎಂದ ಮಗ. ಹೋದ ಬನದ ಹುಣ್ಣಿವೆಗೆ ಎಲ್ಲವ್ವನ ಪಡ್ಡಲಗಿ ಬುಟ್ಟಿ ಹೊತ್ತವಳೂ ಅವಳೇ ಎಂದ ಭಾಗಪ್ಪ. ಎರಡೂ ಖರೆ ಎಂಬುದು ನೀಲಾಗೆ ಗೊತ್ತಿತ್ತು. ಸತ್ತ ಮೇಲೆ ಹೀಗೆ ಮಾಡಿರಿ ಎಂದು ಮಾತ್ರ ಅವ್ವ ತುಟಿ ಬಿಚ್ಚಿರಲಿಲ್ಲ.

ಕಡೆಗೆ ರಾಜರತ್ನ ದನಿ ತಗ್ಗಿಸಿದ. ಅದು ಕೂಗಿಗಿಂತ ಕೆಟ್ಟದಾಗಿತ್ತು.

"ಇದ ಭಂಡಾರ ಹಚ್ಚಿ ಆಕೀಗಿ ಮುತ್ತ ಕಟ್ಟಾಕ ಹೊಂಟಿದ್ರಿ ನೀವು. ಸಣ್ಣ ಹುಡುಗಿನ್ನ ದೇವರ ಹೆಸರಿಗಿ ಬಿಟ್ಟು ಊರ ಪಾಲ ಮಾಡಾವ್ರಿದ್ರಿ. ನಮ್ಮಪ್ಪ ಲಗ್ನ ಆಗಿ ಉಳಿಸಿದ."

ಭಾಗಪ್ಪ ಅಳಿಯನತ್ತ ನೋಡದೆ ಹೇಳಿದ: "ನಿಮ್ಮಪ್ಪ ಬಂದದ್ದು ಆಮ್ಯಾಲ. ಮುತ್ತ ಕಟ್ಟೂ ದಿನ ನಸುಕಿನ್ಯಾಗ ಆಕಿನ್ನ ಎಬ್ಬಿಸಿ, ಜ್ವಾಳದ ಹೊಲದಾಗ ಹಾದು ಬಬಲೇಶ್ವರಕ್ಕ ಚಿಗವ್ವನ ಮನಿಗಿ ಒಯ್ದಾಂವ ನಾನು. ತಿರುಗಿ ಬಂದಾಗ ನಮ್ಮಪ್ಪ ಹೊಡದ ಹೊಡತಕ್ಕ ಈ ಕಿವಿ ಹೋತು."

ಮಾವ ಒಂದು ಕಿವಿಯಲ್ಲಿ ಕಿವುಡ ಎಂಬುದು ಎಲ್ಲರಿಗೂ ಗೊತ್ತಿದ್ದದ್ದೇ. ಯಾಕೆಂದು ನೀಲಾ ಒಮ್ಮೆಯೂ ಕೇಳಿರಲಿಲ್ಲ. ರಾಜರತ್ನನ ಮುಖ ಕಪ್ಪಿಟ್ಟಿತು, ಆದರೆ ಮೆತ್ತಗಾಗಲಿಲ್ಲ.

"ಮತ್ತ ಅದ ಗುಡ್ಯಾಗ ಯಾಕ ಕುಂತೀ?"

"ಹುಡುಗಿನ್ನ ಬೇಡಿದ್ದು ಮಂದಿ. ಎಲ್ಲವ್ವ ತಾಯಿ ಅಲ್ಲ."

"ತಾಯಿ ತಡೀಲಿಲ್ಲಲ್ಲ."

"ನಾ ತಡದ್ನಲ್ಲ. ಆ ನಸುಕಿನ್ಯಾಗ ನನ್ನ ಯಾರು ಎಬ್ಬಿಸಿದ್ರು ಅಂತೀ?"

"ಯಾರೂ ಅಲ್ಲ. ನಿನ್ನ ಕರಳು. ನಾವು ಅದಕ್ಕ ಕರುಣಾ ಅಂತೀವಿ."

"ನಾ ತಾಯಿ ಅಂತೀನಿ," ಎಂದು ಭಾಗಪ್ಪ ಹಲ್ಲು ಕಚ್ಚಿದ.

ಇದಕ್ಕಿಂತ ಹತ್ತಿರ ಇವರು ಬರುವುದಿಲ್ಲ ಎಂದು ನೀಲಾಗೆ ಅನಿಸಿತು. ಮುಂದಿನದನ್ನು ದನದ ಸಂತೆಯ ದಲಾಲಿಯಂತೆ ಅವಳೇ ಕುದುರಿಸಿದಳು. ಹಲಗಿ ಬೇಡ. ಹಣೆಗೆ ಭಂಡಾರ ಬೇಡ. ವಿಹಾರದವರು ಬುದ್ಧ ವಂದನೆ ಹೇಳಲಿ. ಮಾವ ಮಣ್ಣು ಹಾಕುವಾಗ ಅವನ ಮುಷ್ಟಿಯಲ್ಲಿ ಏನಿದೆ ಎಂದು ಯಾರೂ ಕೇಳಬಾರದು. ವಿಹಾರದ ಒಬ್ಬ ಸಿಟ್ಟಾಗಿ ಕ್ರೂಸರಿನಲ್ಲಿ ಹೋಗಿ ಕುಳಿತ. ಓಣಿಯ ಹಿರಿಯರಿಬ್ಬರು ಮಣ್ಣಿಗೂ ಬರದೆ ಮನೆ ಹಾದಿ ಹಿಡಿದರು.

ಹೊಲದಲ್ಲಿ ವಂದನೆ ನಡೆದಾಗ ಭಾಗಪ್ಪ ಬೆನ್ನು ಮಾಡಿ ನಿಂತಿದ್ದ. ಅವನ ಸರದಿ ಬಂದಾಗ ಕುಣಿಗೆ ಬಿದ್ದ ಮಣ್ಣು ಹಳದಿಯಾಗಿತ್ತು. ರಾಜರತ್ನ ಅದನ್ನು ಕಂಡ. ಆದರೂ ತಡೆಯಲಿಲ್ಲ. ನೀಲಾಗೆ ಸಮಾಧಾನವೇನೂ ಆಗಲಿಲ್ಲ. ಮಟಮಟ ಮಧ್ಯಾಹ್ನದ ತನಕ ಅವ್ವನನ್ನು ಬಿಸಿಲಿಗೆ ಹಾಕಿದ ಇಬ್ಬರ ಮೇಲೂ ಅವಳಿಗೆ ಸಿಟ್ಟಿತ್ತು. ಭಾಗಪ್ಪ ಆ ಮನೆಯಲ್ಲಿ ನೀರೂ ಮುಟ್ಟದೆ ಹೋದ.

ಎಷ್ಟೋ ವಾರಗಳ ಮೇಲೆ ಒಂದು ರವಿವಾರ ರಾಜರತ್ನ ಬಸ್ಸಿಳಿದು ನೇರವಾಗಿ ಗುಡಿಗೆ ನಡೆದ. ಒಳಗೆ ಕಾಲಿಡದೆ ಹೊರಗಿನಿಂದಲೇ "ಮಾವಾ" ಎಂದು ಕರೆದ. ಇಬ್ಬರೂ ಬೇವಿನ ಕಟ್ಟೆಯ ಮೇಲೆ ದೂರ ದೂರ ಕುಳಿತರು. ಸ್ವಲ್ಪ ಹೊತ್ತಿಗೇ ಅವರ ದನಿ ಓಣಿಗೆಲ್ಲ ಕೇಳತೊಡಗಿತು. ದೇವರು ಇದ್ದಾಳೆಂದು ಒಬ್ಬ, ಇಲ್ಲವೆಂದು ಇನ್ನೊಬ್ಬ. ಬಿಡಿಸಲು ಹೊರಟ ನೆರೆಮನೆಯವಳನ್ನು ನೀಲಾ ತಡೆದಳು.

"ಇರ್ಲಿ ಬಿಡ ಯಕ್ಕಾ. ಮಾತಾಡಾಕತ್ತಾರ."