ಕೈ ಒತ್ತಿ ಕೇಳುವುದು

ಕುಸ್ತಿ ಕಲಿಯಲು ಬಂದವರಿಗೆ ಮಿಂಚು ಮೊದಲ ದಿನ ಹೊಡೆಯುವುದನ್ನೂ ಕಲಿಸುತ್ತಿರಲಿಲ್ಲ, ಬೀಳುವುದನ್ನೂ ಕಲಿಸುತ್ತಿರಲಿಲ್ಲ. ಕೈ ಹಿಡಿಯುವುದನ್ನು ಕಲಿಸುತ್ತಿದ್ದ. ಎದುರಾಳಿಯನ್ನು ಎತ್ತಿ ಒಗೆದ ಮೇಲೆ ಅವನ ಮೇಲೆ ಬೀಳಬೇಕು, ಜನರಿಗೆ ಕಾಣದ ಹಾಗೆ ಅವನ ಕೈ ಹಿಡಿದು ಒಮ್ಮೆ ಒತ್ತಬೇಕು. ಚೆನ್ನಾಗಿದ್ದೀಯಾ ಅಂತ ಕೇಳಿದ ಹಾಗೆ. ಕೆಳಗಿದ್ದವನು ತಿರುಗಿ ಒತ್ತಿದರೆ, ಚೆನ್ನಾಗಿದ್ದೀನಿ, ನಡೆಸು ಅಂತ. ಒತ್ತದಿದ್ದರೆ ಆಟ ಅಲ್ಲಿಗೇ ನಿಲ್ಲಬೇಕು.

"ಹೊಡೆತ ಮರೆತ್ರೆ ಜನ ನಗ್ತಾರೆ, ಅಷ್ಟೇ. ಕೇಳೋದು ಮರೆತ್ರೆ ಒಬ್ಬನ ಬಾಳೇ ಹೋಗುತ್ತೆ," ಎನ್ನುತ್ತಿದ್ದ. ಹಾಗೆನ್ನುವಾಗ ಅವನ ದವಡೆ ಬಿಗಿಯುತ್ತಿತ್ತು. ಮೇಷ್ಟ್ರು ಸ್ವಲ್ಪ ಬಿಗಿ ಅಂದುಕೊಂಡು ಕಲಿಯುವವರು ಮತ್ತೆ ಕೈ ಒತ್ತಲು ಶುರು ಮಾಡುತ್ತಿದ್ದರು.

ಪ್ರದರ್ಶನದ ಕುಸ್ತಿ ಅಂದರೆ ಗೊತ್ತಲ್ಲ, ಗೆಲ್ಲುವವರು ಯಾರು, ಸೋಲುವವರು ಯಾರು ಅಂತ ಮೊದಲೇ ತೀರ್ಮಾನವಾಗಿರುತ್ತದೆ. ಹಾವೂ ಸಾಯಬಾರದು, ಕೋಲೂ ಮುರಿಯಬಾರದು. ನೋಡುವವರಿಗೆ ಮಾತ್ರ ಎರಡೂ ಆದಂತೆ ಕಾಣಬೇಕು. ಹಾಗಂತ ಹುಡುಗಾಟ ಅಂದುಕೊಂಡೀರಿ! ಬೀಳುವ ನೆಲ ನಿಜವಾದದ್ದೇ, ಬೀಳುವ ಬೆನ್ನೂ ನಿಜವಾದದ್ದೇ. ಮೇಷ್ಟ್ರಾಗುವ ಮೊದಲು, ತಾನೇ ರಿಂಗಿಗೆ ಇಳಿಯುತ್ತಿದ್ದ ಕಾಲದಲ್ಲಿ, ಮಿಂಚು ಒಳ್ಳೆಯವನ ಪಾತ್ರದವನು. ಕೆಟ್ಟವನ ಪಾತ್ರ ಕರಡಿ ಅನ್ನುವ ಹೆಸರಿನ ಆಟಗಾರನದು. ಕರಡಿ ರಿಂಗಿಗೆ ಬಂದರೆ ಮಕ್ಕಳು ಅಳುತ್ತಿದ್ದವು, ಮುದುಕಿಯರು ಶಾಪ ಹಾಕುತ್ತಿದ್ದರು. ಮನೆಯಲ್ಲೋ, ಜಿರಳೆ ಕಂಡರೆ ಹೆಂಡತಿಯನ್ನು ಕೂಗುವ ಪ್ರಾಣಿ ಅದು. ಮಿಂಚುವಿಗೆ ಅವನು ಒಡಹುಟ್ಟಿದ ಅಣ್ಣನಿಗಿಂತ ಹೆಚ್ಚು. ಆದರೆ ವೈರಿಗಳು ಜೊತೆಯಲ್ಲಿ ಕಂಡರೆ ಆಟ ನಡೆಸುವ ಕಂಪನಿಯ ಹೊಟ್ಟೆಪಾಡು ಹೋದಂತೆಯೇ. ಅದಕ್ಕೆ ಒಂದೇ ಬಸ್ಸಿನಲ್ಲಿ ಬೇರೆ ಬೇರೆ ಸೀಟಿನಲ್ಲಿ ಕೂತು ಬಂದು, ಕರಡಿಯ ಮನೆಯ ಹಿಂಬಾಗಿಲಿಂದ ಒಳಗೆ ಹೋಗಿ, ಕಿಟಕಿ ಮುಚ್ಚಿ ಒಟ್ಟಿಗೆ ಊಟ ಮಾಡುತ್ತಿದ್ದರು. ಬಡಿಸುತ್ತಿದ್ದ ಅತ್ತಿಗೆ, "ನಿಮ್ಮದು ಕುಸ್ತಿಯೋ ಕದ್ದುಮುಚ್ಚಿ ಸಂಸಾರವೋ!" ಎಂದು ನಗುತ್ತಿದ್ದರು.

ಆಮೇಲೆ ಒಂದು ದೊಡ್ಡ ಆಟ ಬಂತು. ಕರಡಿ ಮಿಂಚುವನ್ನು ತಲೆಯ ಮೇಲಕ್ಕೆ ಎತ್ತಿ ಒಗೆದ. ಒಂದು ಗೇಣು ವಾರೆಯಾಯಿತು, ಕುತ್ತಿಗೆ ಮೊದಲು ನೆಲಕ್ಕೆ ಬಡಿಯಿತು. ರೆಫರಿ ಎಣಿಸುತ್ತಿದ್ದಂತೆ ಮಿಂಚು ಹೇಗೋ ಎದ್ದ, ಮೊದಲೇ ಬರೆದಿಟ್ಟಂತೆ ಗೆದ್ದ, ಜನ ಹುಚ್ಚೆದ್ದು ಕುಣಿದರು. ಬಟ್ಟೆ ಬದಲಿಸುವ ಕೋಣೆಗೆ ಬಂದು ಬೂಟಿನ ದಾರ ಬಿಚ್ಚಲು ಹೋದರೆ ಬಲಗೈ ಬೆರಳುಗಳು ಮಾತು ಕೇಳಲಿಲ್ಲ. ಕುತ್ತಿಗೆಯ ನರ ಹೋಗಿದೆ, ಇನ್ನು ಆ ಕೈಗೆ ಸ್ಪರ್ಶ ಬರುವುದಿಲ್ಲ ಎಂದರು ಡಾಕ್ಟರು.

ಊರಿಗೆಲ್ಲ ಮಂಡಿನೋವು ಅಂತ ಹೇಳಿ ಮಿಂಚು ರಿಂಗು ಬಿಟ್ಟ. ಕರಡಿಗೂ ಹಾಗೆಯೇ ಹೇಳಿದ. ನಿಜ ಹೇಳಿದರೆ ಆ ಮೆತ್ತನೆ ಮನುಷ್ಯ ಎದೆ ಒಡೆದುಕೊಂಡಾನು ಎಂಬ ಕರುಣೆ ಒಂದು ಕಡೆ. ಇನ್ನೊಂದು ಕಡೆ ಒಂದು ಮುಳ್ಳು ಇತ್ತು, ಅದನ್ನು ಅವನು ಹೆಂಡತಿಗೂ ತೋರಿಸಿರಲಿಲ್ಲ. ಅವತ್ತು ಬಿದ್ದಾಗ ಕರಡಿ ಕೈ ಒತ್ತಿ ಕೇಳಲಿಲ್ಲ. ಜನರ ಕೂಗಿಗೆ ಮೈಮರೆತು ನನ್ನನ್ನೇ ಮರೆತನಲ್ಲ, ಎಂಥ ಅಣ್ಣ ಇವನು!

ರಿಂಗು ಬಿಟ್ಟರೂ ಬಾಯಿ ಇತ್ತು. ಜಟ್ಟಿ ಬಿದ್ದರೂ ಮೀಸೆ ಮಣ್ಣಾಗಲಿಲ್ಲ ಅನ್ನುವ ಹಾಗೆ, ಹಗಲು ಹುಡುಗರಿಗೆ ಕಲಿಸುತ್ತಾ, ಆಟದ ಸಂಜೆ ಎಡಗೈಯಲ್ಲಿ ಮೈಕು ಹಿಡಿದು ಮಿಂಚು ಟಿವಿಯಲ್ಲಿ ಉದ್ಘೋಷಕನಾದ. ಕಡ್ಡಿಯನ್ನು ಗುಡ್ಡ ಮಾಡುವುದರಲ್ಲಿ ಎತ್ತಿದ ಕೈ. ಬೆನ್ನ ಮೇಲೆ ಬಿದ್ದ ಪೆಟ್ಟನ್ನು ಅವನು ವರ್ಣಿಸಿದರೆ ಟಿವಿ ಮುಂದೆ ಕೂತವರ ಬೆನ್ನು ಉರಿಯಬೇಕು. ಕಂಪನಿಯವರು ಆ ಹಳೆಯ ಆಟದ ತುಣುಕನ್ನು ಪದೇ ಪದೇ ತೋರಿಸುತ್ತಿದ್ದರು, ಅವನು ಗಂಟಲು ಹರಿಯುವಂತೆ ಕೂಗುತ್ತಿದ್ದ: "ನೋಡಿ, ಈ ರಾಕ್ಷಸನಿಗೆ ಕರುಳಿಲ್ಲ! ಒಬ್ಬ ಮನುಷ್ಯನ ಕುತ್ತಿಗೆ ಮುರಿದು ಹಲ್ಲು ಕಿರಿಯುತ್ತಿದ್ದಾನೆ!" ಮಿಕ್ಕದ್ದೆಲ್ಲ ಕಸುಬು, ಆ 'ಕರುಳಿಲ್ಲ' ಅನ್ನುವುದು ಮಾತ್ರ ಹೊಟ್ಟೆಯಿಂದ ಬರುತ್ತಿತ್ತು.

ಒಂದು ದಿನ ಅತ್ತಿಗೆಯ ಫೋನು ಬಂತು.

"ಒಂದ್ಸಲ ಬಂದು ಹೋಗಪ್ಪ. ನಿಮ್ಮಣ್ಣಂಗೆ ನೆನಪು ಪೂರ್ತಿ ಹೋಗ್ತಿದೆ. ಯಾವಾಗ್ಲೂ ಟಿವಿ ಮುಂದೆ ಕೂರ್ತಾರೆ. ನೀನು ಅದೇನೋ ಕೂಗ್ತೀಯಲ್ಲ, ಅದನ್ನ ಕೇಳಿ ಕೇಳಿ, 'ನಾನೊಬ್ಬ ಹುಡುಗನ್ನ ಹಾಳು ಮಾಡ್ದೆ' ಅಂತ ಅಳ್ತಾರೆ. ತುತ್ತು ಬಾಯಿಗಿಟ್ರೆ ಉಗೀತಾರೆ. ಹೀಗೇ ಆದ್ರೆ ಉಳಿಯಲ್ಲ ಅಂತಿದಾರೆ ಡಾಕ್ಟ್ರು."

"ಅಯ್ಯೋ, ಅದೆಲ್ಲ ನಾಟಕ ಅಂತ ಹೇಳ್ಬಾರ್ದಾ ಅತ್ತಿಗೆ?"

"ಹೇಳ್ದೆ ಇರ್ತೀನಾ? ಇಷ್ಟು ವರ್ಷದಲ್ಲಿ ಒಬ್ಬರ ಮೈಮೇಲೂ ಒಂದು ಗೀರು ಬಿಟ್ಟವರಲ್ಲ ನನ್ನ ಗಂಡ. ಅಷ್ಟು ನಂಗೊತ್ತು. ಆದ್ರೆ ನಂಬಲ್ಲ. ನೀನೇ ಬಂದು ಹೇಳು."

ಮಿಂಚು ಹೋದ. ಕಿಟಕಿ ಪಕ್ಕದ ಕುರ್ಚಿಯಲ್ಲಿ ಕರಡಿ ಕೂತಿದ್ದ. ಮೈ ಇಳಿದು, ಅಂಗಿ ಯಾರದೋ ಎರವಲು ತಂದದ್ದರಂತೆ ಜೋಲುತ್ತಿತ್ತು. ಮುಂದಿಟ್ಟ ತಟ್ಟೆ ಹಾಗೆಯೇ ಇತ್ತು. ಮಿಂಚುವಿನ ಮುಖ ಅವನಿಗೆ ಗುರುತು ಸಿಗಲಿಲ್ಲ.

"ಅಣ್ಣಾ, ಆ ಹುಡುಗ ನಾನೇ. ನೋಡು, ಗುಂಡುಕಲ್ಲಿನ ಹಾಗಿದ್ದೀನಿ. ನಂಗೇನೂ ಆಗ್ಲಿಲ್ಲ."

ಕರಡಿ ಕಣ್ಣೆತ್ತಿದ. "ನಿನ್ನ ಧ್ವನಿ ನಂಗೊತ್ತು. ನೀನೇ ಅಲ್ವಾ ಹೇಳೋನು, ನಂಗೆ ಕರುಳಿಲ್ಲ ಅಂತ?"

ಮಿಂಚುವಿಗೆ ಮುಖಕ್ಕೆ ಹೊಡೆದಂತಾಯಿತು. ಸುಳ್ಳು ಹೇಳಿದಾಗೆಲ್ಲ ಊರೇ ನಂಬಿತ್ತು. ಈಗ ಈ ಒಬ್ಬ ಮನುಷ್ಯ ನಂಬಲೊಲ್ಲ. ಅಷ್ಟಕ್ಕೂ ಈಗ ಹೇಳುತ್ತಿರುವುದು ನಿಜವೇ? ಬಲಗೈ ಪ್ಯಾಂಟಿನ ಜೇಬಿನಲ್ಲಿ ಸತ್ತ ಮೀನಿನಂತೆ ಬಿದ್ದಿತ್ತು. ಬಿಸಿತುಪ್ಪ, ನುಂಗುವಂತಿಲ್ಲ, ಉಗುಳುವಂತಿಲ್ಲ. ಮತ್ತೆ ಮತ್ತೆ ಹೋದ, ಮತ್ತೆ ಮತ್ತೆ ಹೇಳಿದ. ಅತ್ತಿಗೆ ಟಿವಿಯನ್ನೇ ಎತ್ತಿ ಪಕ್ಕದ ಮನೆಗೆ ಕೊಟ್ಟರು. ಕರಡಿ ದಿನದಿಂದ ದಿನಕ್ಕೆ ಒಣಗಿದ.

ಮಾತಿನಿಂದ ಆಗದ್ದು ಮೈಯಿಂದ ಆದೀತು ಅಂತ ಮಿಂಚುವಿಗೆ ಹೊಳೆದದ್ದು ಆಗ. ತಲೆ ಮರೆತರೂ ಕುಸ್ತಿಯವನ ಮೈ ಮರೆಯುವುದಿಲ್ಲ. ರಿಂಗಿನಲ್ಲಿ ತಾನು ಬಿದ್ದುಕೊಳ್ಳುವುದು, ಕರಡಿ ಮೇಲೆ ಬಿದ್ದು ಕೈ ಒತ್ತಿದರೆ ಎಡಗೈಯಿಂದ ಗಟ್ಟಿಯಾಗಿ ತಿರುಗಿ ಒತ್ತುವುದು. ಚೆನ್ನಾಗಿದ್ದೀನಿ ಅಂತ ಅವನ ಕೈಗೇ ಹೇಳಿಬಿಡುವುದು.

ಕಲಿಯುವವರಿಗೆಲ್ಲ ರಜೆ ಕೊಟ್ಟು, ಒಂದು ಮಧ್ಯಾಹ್ನ ಅಣ್ಣ ಅತ್ತಿಗೆಯನ್ನು ತರಬೇತಿಯ ಶೆಡ್ಡಿಗೆ ಕರೆತಂದ. ತಗಡಿನ ಮಾಡು ಕಾದಿತ್ತು, ಬೆವರು ಮತ್ತು ನೋವಿನೆಣ್ಣೆಯ ವಾಸನೆ ಗಾಳಿಯಲ್ಲಿ ನಿಂತಿತ್ತು. ಅತ್ತಿಗೆ ಹಗ್ಗದ ಆಚೆ ಒಂದು ಸ್ಟೂಲಿನ ಮೇಲೆ ಕೂತರು. ಹಗ್ಗದೊಳಗೆ ಕಾಲಿಟ್ಟದ್ದೇ ತಡ, ಕರಡಿಯ ಬೆನ್ನು ನೆಟ್ಟಗಾಯಿತು. ಮಿಂಚು ದೊಪ್ಪನೆ ಬಿದ್ದು ಅಂಗಾತ ಮಲಗಿದ. ಕರಡಿ ಒಂದು ಗಳಿಗೆ ನೋಡಿದ, ಆಮೇಲೆ ಮೊಣಕಾಲೂರಿ, ಮೊಣಕೈಯಲ್ಲಿ ತನ್ನ ಭಾರ ತಡೆದು, ನೋಯದ ಹಾಗೆ ಅವನ ಎದೆಯ ಮೇಲೆ ಅಡ್ಡ ಬಿದ್ದ. ಆ ಹದ ಎಷ್ಟು ಹಳೆಯದು! ಮಿಂಚುವಿಗೆ ಕಣ್ಣು ತುಂಬಿತು.

ಎಡಗೈ ಬಿಚ್ಚಿಟ್ಟು ಕಾದ. ಯಾರೂ ಹಿಡಿಯಲಿಲ್ಲ. ಇನ್ನೂ ಕಾದ. ಏನೂ ಇಲ್ಲ. ಅಷ್ಟು ವರ್ಷದ ಮುಳ್ಳು ಮತ್ತೆ ಚುಚ್ಚಿತು. ಇವತ್ತೂ ಕೇಳಲಿಲ್ಲವಲ್ಲ, ಎಂದು ಅವನು ಬೇಸರದಿಂದ ಬಲಕ್ಕೆ ಮುಖ ತಿರುಗಿಸಿದ.

ಅವನ ಬಲಗೈ ಕರಡಿಯ ಕೈಯೊಳಗಿತ್ತು. ಕರಡಿ ಒತ್ತುತ್ತಿದ್ದ. ಬೆರಳ ಗಿಣ್ಣುಗಳು ಬೆಳ್ಳಗಾಗುವಷ್ಟು ಜೋರಾಗಿ, ಬಿಟ್ಟು ಬಿಟ್ಟು, ಮತ್ತೆ ಮತ್ತೆ ಒತ್ತುತ್ತಿದ್ದ. ಮಿಂಚುವಿಗೆ ಅದು ಕಣ್ಣಿಗೆ ಕಂಡಿತೇ ಹೊರತು ಕೈಗೆ ತಿಳಿಯಲಿಲ್ಲ.

"ಒತ್ತಲ್ಲ ಇವನು," ಎಂದ ಕರಡಿ, ಮಗುವಿನಂತೆ ಬಿಕ್ಕುತ್ತಾ. "ಅವತ್ತೂ ಒತ್ಲಿಲ್ಲ. ಕೇಳ್ದೆ, ಕೇಳ್ದೆ, ಕೈ ಸುಮ್ನೆ ಬಿದ್ದಿತ್ತು. ನಿಲ್ಸಿ ಅನ್ನೋಕೆ ಬಾಯಿ ತೆರೆದೆ, ಅಷ್ಟ್ರಲ್ಲಿ ಎದ್ಬಿಟ್ಟ. ಆಮೇಲೆ ಕೇಳೋಕೆ ನಂಗೆ ಹೆದ್ರಿಕೆ ಆಯ್ತು."

 ಕೇಳಿದ್ದ. ಕರಡಿ ಅವತ್ತೇ ಕೇಳಿದ್ದ. ಬಿದ್ದ ಗಳಿಗೆಯಲ್ಲೇ ಕೈ ಸತ್ತಿತ್ತು, ಮಿಂಚುವಿಗೆ ಗೊತ್ತಾಗಲಿಲ್ಲ ಅಷ್ಟೇ. ಅದೇ ಮನುಷ್ಯನಿಗೆ ಕರುಳಿಲ್ಲ ಅಂತ ಇವನು ವಾರವಾರ ಊರೆಲ್ಲ ಕೇಳುವಂತೆ ಕೂಗಿದ್ದ. ಥೂ, ಈ ಬಾಳಿಗಿಷ್ಟು!

ಹಗ್ಗದಾಚೆ ಅತ್ತಿಗೆ ಎದ್ದು ನಿಂತಿದ್ದು ಅವನಿಗೆ ಕಂಡಿತು. ಈಗ ಬಾಯಿಬಿಟ್ಟರೆ ಅವರಿಗೂ ಕೇಳಿಸುತ್ತದೆ. ಅವರ ಮುಖ ನೋಡದೆ ಹೇಳಿದ.

"ಹೌದಣ್ಣ. ನನ್ನ ಕೈ ಅವತ್ತೇ ಹೋಯ್ತು. ಇವತ್ತಿಗೂ ಇಲ್ಲ. ನೀನು ಒತ್ತಿದ್ದು ನಂಗೆ ತಿಳೀಲಿಲ್ಲ."

ಕರಡಿಯ ಬಿಕ್ಕು ನಿಂತಿತು. "ಹೋಯ್ತಾ?"

"ಹೋಯ್ತು."

"ಆದ್ರೆ ನಾನು ಕೇಳಿದ್ದೆ."

"ಹೂಂ ಅಣ್ಣ. ಕೇಳಿದ್ದೆ ನೀನು. ತಪ್ಪು ನಿಂದಲ್ಲ. ನಾನೇ ಹೇಳ್ದೆ ಮುಚ್ಚಿಟ್ಟೆ."

ಅಷ್ಟು ದಿನ ಎಲ್ಲರೂ ಇಲ್ಲ ಇಲ್ಲ ಅಂದದ್ದಕ್ಕೆ ಕರಡಿ ಒಣಗಿದ್ದ. ಒಬ್ಬರು ಹೌದು ಅಂದದ್ದೇ ಸಾಕಾಯಿತು. ಆ ಕೈಯನ್ನು ಎದೆಗವಚಿಕೊಂಡು ಮ್ಯಾಟಿನ ಮೇಲೆಯೇ ಬಹಳ ಹೊತ್ತು ಕೂತಿದ್ದ. ಅಂದು ಮನೆಗೆ ಹೋಗಿ ತಟ್ಟೆ ಖಾಲಿ ಮಾಡಿದ.

ಮರುದಿನಕ್ಕೆ ಮರೆತಿತ್ತು. ಮತ್ತೆ ಅಳು, ಮತ್ತೆ ಉಗಿದ ತುತ್ತು. ಹಾಗಾಗಿ ಈಗ ಮಿಂಚು ದಿನಾ ಊಟದ ಹೊತ್ತಿಗೆ ಹೋಗುತ್ತಾನೆ. ಕರಡಿ ಕೈ ಒತ್ತುತ್ತಾನೆ, ಇವನು ಹೌದು ಹೋಯ್ತು, ನೀನು ಕೇಳಿದ್ದೆ ಅನ್ನುತ್ತಾನೆ, ಕರಡಿ ಪ್ರತಿ ಸಲವೂ ಅದೇ ಮೊದಲ ಸಲ ಕೇಳಿದವನಂತೆ ಬೆಚ್ಚಿ, ಅತ್ತು, ಆಮೇಲೆ ಉಣ್ಣುತ್ತಾನೆ. ಆಟದ ಸಂಜೆ ಮೈಕಿನ ಮುಂದೆ ಅದೇ ಹಳೆಯ ತುಣುಕು. ಕಂಪನಿಗೆ ರಾಕ್ಷಸನೇ ಬೇಕು, ಕೂಗದಿದ್ದರೆ ಕೂಗುವ ಬೇರೆಯವರು ಸಾಲಾಗಿ ನಿಂತಿದ್ದಾರೆ. ಕೂಗುತ್ತಾನೆ. 'ಕರುಳಿಲ್ಲ' ಅನ್ನುವಲ್ಲಿ ಧ್ವನಿ ಒಡೆಯುತ್ತದೆ, ವಯಸ್ಸಾಯಿತು ಅಂತ ಜನ ಅಂದುಕೊಳ್ಳುತ್ತಾರೆ.

ಗಂಡ ಯಾರ ಮೈಮೇಲೂ ಗೀರು ಬಿಟ್ಟವರಲ್ಲ ಎಂಬ ಮಾತನ್ನು ಅತ್ತಿಗೆ ಮತ್ತೆಂದೂ ಆಡಲಿಲ್ಲ. ಮಿಂಚುವಿನ ಜೊತೆ ಮೊದಲಿನಂತೆ ನಗಲೂ ಇಲ್ಲ. ದಿನಾ ಚಹಾ ಮಾತ್ರ ತರುತ್ತಾರೆ. ಲೋಟವನ್ನು ಅವನ ಎಡಗೈಗೆ ಎಟಕುವ ಹಾಗೆ ಇಟ್ಟು ಒಳಗೆ ಹೋಗುತ್ತಾರೆ.