ಮರ ಒಣಗಿಸುವ ಮೇಳ

ಮೇಷ್ಟ್ರನ್ನು ಹಾಡಿಸಲು ನನಗೆ ಆರು ತಿಂಗಳು ಹಿಡಿಯಿತು. ಅವರು ಹಾಡುವವರಲ್ಲ, ಹಾಡಿಸುವವರು. ಹನ್ನೆರಡು ಜನರ ಮೇಳವನ್ನು ಎದುರಿಗೆ ನಿಲ್ಲಿಸಿಕೊಂಡು, ಬರೀ ಕೈ ಬೀಸಿಕೊಂಡು, ಐವತ್ತೆಂಟರಲ್ಲೂ ಒಂದು ಬಿಳಿ ಕೂದಲಿಲ್ಲದೆ ಮೆರೆಯುತ್ತಿದ್ದರು.

ನಮ್ಮದು ಮರ ಒಣಗಿಸುವ ಮೇಳ. ಸಾಮಿಲ್ಲಿನ ಶೆಡ್ಡಿನಲ್ಲಿ ಹಸಿ ಹಲಗೆ ಜೋಡಿಸಿಟ್ಟಿರುತ್ತಾರೆ, ನಾವು ಸುತ್ತ ನಿಂತು ಹಾಡುತ್ತೇವೆ. ಮೂರು ವರ್ಷ ಒಣಗಬೇಕಾದ ಮರ ಒಂದೇ ಬೆಳಿಗ್ಗೆಯಲ್ಲಿ ಒಣಗುತ್ತದೆ. ಆ ಮೂರು ವರ್ಷ ಎಲ್ಲಿಗೂ ಹೋಗುವುದಿಲ್ಲ, ಹಾಡಿದವರ ಮೈಮೇಲೆ ಬರುತ್ತದೆ. ಹನ್ನೆರಡೂ ಜನ ಒಂದೇ ಸಲ ಬಾಯಿ ಮುಚ್ಚಿದರೆ ತಲೆಗೆ ಮೂರು ತಿಂಗಳು. ಯಾರದಾದರೂ ದನಿ ಒಂದು ಉಸಿರು ಹಿಂದೆ ಉಳಿಯಿತೋ, ಪೂರ್ತಿ ಮೂರು ವರ್ಷವೂ ಅವರೊಬ್ಬರ ಪಾಲಿಗೆ. ಹಾಗಾಗಿ ಮೇಷ್ಟ್ರು ಮುಷ್ಟಿ ಬಿಗಿದ ತಕ್ಷಣ ಎಲ್ಲರ ಹಾಡೂ ನಿಲ್ಲಬೇಕು. ಇದು ಹಳಬರಿಗೆ ಗೊತ್ತು. ಹೊಸಬರಿಗೆ ಮೇಷ್ಟ್ರು ಹೇಳಿದ್ದಷ್ಟೇ ಗೊತ್ತು.

ನನ್ನ ತಂಗಿ ಇಪ್ಪತ್ತೆರಡರಲ್ಲಿ ಮೇಳ ಸೇರಿದಳು. ಶ್ರುತಿ ಹಿಡಿಯುವ ಜಾಗ ಕೊಟ್ಟರು. "ಎಲ್ಲರೂ ನಿಲ್ಲಿಸಿದ್ಮೇಲೆ ನೀನು ಒಂದುಸಿರು ಜಾಸ್ತಿ ಎಳಿಯಮ್ಮ, ಕೇಳೋಕೆ ಚೆನ್ನಾಗಿರುತ್ತೆ" ಎಂದರಂತೆ ಮೇಷ್ಟ್ರು. ಅವಳು ಎಳೆದಳು, ಹದಿನೆಂಟು ಹಾಡಿಗೆ ಹದಿನೆಂಟು ಸಲ. ಒಂದೂವರೆ ವರ್ಷದಲ್ಲಿ ಹಲ್ಲು ಉದುರಿತು, ಬೆನ್ನು ಬಾಗಿತು. ಏನೋ ಕಾಯಿಲೆ ಎಂದರು ಮೇಷ್ಟ್ರು. ಉಳಿದ ಹನ್ನೊಂದು ಜನ ಹೌದೆಂದು ತಲೆಯಾಡಿಸಿದರು. ಐವತ್ತು ಇನ್ನೂ ದಾಟದ ನಮ್ಮಮ್ಮ ತನಗಿಂತ ಮುದುಕಿಯಾದ ಮಗಳನ್ನು ತೊಡೆಯ ಮೇಲೆ ಮಲಗಿಸಿಕೊಂಡು ಚಮಚದಲ್ಲಿ ಗಂಜಿ ಕುಡಿಸಿದಳು.

ಅವಳು ಹೋದ ದಿನ ಮೇಳದಲ್ಲಿ ಹಾಡುತ್ತಿದ್ದ ಬಡಗಿ ನಮ್ಮ ಹಿತ್ತಲಲ್ಲಿ ಕೂತು ಅಳುತ್ತಾ ಬಾಯಿಬಿಟ್ಟ. "ಗೊತ್ತಿತ್ತು ಅಕ್ಕ. ಅವಳೊಬ್ಬಳ ಮೇಲೆ ಹೋಗ್ತಿತ್ತಲ್ಲ, ನಾವು ಉಳ್ಕೊಂಡ್ವಿ."

ಅವನ ಕೆನ್ನೆಗೆ ಬಾರಿಸಬೇಕೆಂದು ಕೈ ತುರಿಸಿತು. ಆದರೆ ಇವನು ಬಾಲ. ನನಗೆ ತಲೆಯೇ ಬೇಕಿತ್ತು.

ತಿಂಗಳು ಕಳೆದ ಮೇಲೆ ಮೇಷ್ಟ್ರ ಬಳಿ ಹೋಗಿ ಮೇಳಕ್ಕೆ ಸೇರಿಸಿಕೊಳ್ಳಿ ಎಂದು ಕೈಮುಗಿದೆ. ಹೊಟ್ಟೆಪಾಡಿಗೆ ಬಂದಿದ್ದಾಳೆ ಎಂದುಕೊಂಡರು. ಹಾಡಿನ ಕೊನೆಯ ಸಾಲಿನಲ್ಲಿ ಒಂದು ತಿರುವಿದೆ. ದನಿ ಸರಕ್ಕನೆ ಮೇಲೆ ಹತ್ತಿ ನಿಧಾನಕ್ಕೆ ಜಾರಬೇಕು. ಅದು ಮೇಷ್ಟ್ರು ಸ್ವತಃ ಕಟ್ಟಿದ್ದು, ಅದರ ಬಗ್ಗೆ ಅವರಿಗೆ ಬಲು ಜಂಬ. ನಾನು ಅದನ್ನು ಮೊದಲ ದಿನವೇ ಕಲಿತೆ. ಎರಡನೆಯ ದಿನದಿಂದ ಬೇಕೆಂದೇ ಕೆಡಿಸಿದೆ.

ಅಭ್ಯಾಸ ನಡೆಯುತ್ತಿದ್ದದ್ದು ಖಾಲಿ ಕೋಣೆಯಲ್ಲಿ. ಅಲ್ಲಿ ಮರವಿಲ್ಲ, ಹಾಡಿದರೆ ಯಾರಿಗೂ ಏನೂ ಆಗುವುದಿಲ್ಲ. ನಾನು ಕೆಡಿಸಿದ ಕೂಡಲೇ ಮೇಷ್ಟ್ರು ಕೈ ಎತ್ತಿ ಎಲ್ಲರನ್ನೂ ಸುಮ್ಮನಾಗಿಸಿ, ಕಣ್ಣು ಮುಚ್ಚಿ ಆ ತಿರುವನ್ನು ತಾವೇ ಹಾಡಿ ತೋರಿಸುತ್ತಿದ್ದರು. ಅವರು ತೋರಿಸುವಾಗ ಯಾರಾದರೂ ಗುನುಗಿದರೆ ಹೊರಗೆ ನಿಲ್ಲಬೇಕು. ತಿಂಗಳು ಎರಡಾಯಿತು, ನಾಲ್ಕಾಯಿತು. ಆಮೇಲೆ ಅವರು ಕೈ ಎತ್ತುವುದನ್ನೂ ಬಿಟ್ಟರು. ನನ್ನ ತಪ್ಪು ಕಿವಿಗೆ ಬಿದ್ದರೆ ಸಾಕು, ಅವರ ಬಾಯಿ ತೆರೆಯುತ್ತಿತ್ತು, ನಮ್ಮೆಲ್ಲರದು ಮುಚ್ಚುತ್ತಿತ್ತು.

"ನಿನ್ನ ತಂಗಿ ಗಂಟಲಲ್ಲಿ ಕಾಲುಭಾಗನಾದ್ರೂ ನಿನಗೆ ಬರಬಾರ್ದಾಗಿತ್ತಾ?" ಎಂದರು ಒಂದು ದಿನ.

"ಇನ್ನೊಂದ್ಸಲ ತೋರಿಸ್ಕೊಡಿ ಮೇಷ್ಟ್ರೇ" ಎಂದೆ. ಹಲ್ಲು ಕಚ್ಚಿಕೊಂಡೇ ಅಂದೆ. ಶೆಡ್ಡಿನಲ್ಲಿ ಮಾತ್ರ ಒಂದು ಸಲವೂ ತಪ್ಪಲಿಲ್ಲ. ದೊಡ್ಡ ಕೆಲಸ ಬರಲಿ ಎಂದು ಕಾಯುತ್ತಿದ್ದೆ.

ಬಂತು. ಸಾಮಿಲ್ಲಿನ ಯಜಮಾನ ಆಳೆತ್ತರ ದಪ್ಪದ ತೊಲೆಗಳನ್ನು ಇಳಿಸಿದ. ಮೂವತ್ತು ವರ್ಷ ಒಣಗಬೇಕಾದ ಮಾಲು. ತಂಗಿಯ ನಂತರ ಖಾಲಿಯಿದ್ದ ಶ್ರುತಿಗೆ, ಮೇಳ ಬಿಟ್ಟ ಒಬ್ಬ ಹಳಬನ ಬದಲಿಗೆ, ಟೈಲರ್ ಮಗಳನ್ನು ನಿಲ್ಲಿಸಿದ್ದರು. ಹತ್ತೊಂಬತ್ತು ವರ್ಷದವಳು, ಬಂದು ಒಂದು ವಾರವಾಗಿತ್ತು. ಗಂಟಲು ಸವೆಯಬಾರದೆಂದು ಮೇಷ್ಟ್ರು ಅವಳನ್ನು ಅಭ್ಯಾಸಕ್ಕೂ ಕರೆದಿರಲಿಲ್ಲ. ನಾನು ಶೆಡ್ಡಿನ ಬಾಗಿಲಲ್ಲಿ ಅವಳ ಕೈ ಹಿಡಿದೆ.

"ಕೊನೇಲಿ ಒಂದುಸಿರು ಎಳಿ ಅಂದ್ರಾ?"

"ಹೂಂ ಅಕ್ಕ. ಚೆನ್ನಾಗಿರುತ್ತೆ ಅಂದ್ರು."

"ಎಳೀಬೇಡ. ಎಲ್ಲಾ ವರ್ಷಾನೂ ನಿನ್ನ ಮೇಲೆ ಬರುತ್ತೆ."

ಅವಳು ನಕ್ಕಳು. "ಹಂಗೆಲ್ಲ ಇದ್ರೆ ಮೇಷ್ಟ್ರು ಹೇಳ್ತಿರ್ಲಿಲ್ವಾ ಅಕ್ಕ?"

ಅಷ್ಟರಲ್ಲಿ ಮೇಷ್ಟ್ರು ಚಪ್ಪಾಳೆ ತಟ್ಟಿ ಕರೆದರು. ಹಾಡು ಶುರುವಾಯಿತು. ತೊಲೆಗಳಿಂದ ನೀರು ಬೆವರಿನ ಹಾಗೆ ಒಸರಿ ನೆಲಕ್ಕಿಳಿಯಿತು. ಯಜಮಾನ ಕುರ್ಚಿ ಹಾಕಿಸಿಕೊಂಡು ಕೂತಿದ್ದ. ಅವನು ನೋಡುತ್ತಿದ್ದಾನೆಂದು ಮೇಷ್ಟ್ರ ಕೈ ಎಂದಿಗಿಂತ ಎರಡು ಗೇಣು ಎತ್ತರಕ್ಕೆ ಏರುತ್ತಿತ್ತು. ಕೊನೆಯ ಸಾಲು ಬಂತು. ನಾನು ತಿರುವನ್ನು ಕೆಡಿಸಿದೆ, ಜೋರಾಗಿ, ಯಜಮಾನನೂ ಮುಖ ಕಿವುಚುವಷ್ಟು.

ಮೇಷ್ಟ್ರ ಕಣ್ಣು ಮುಚ್ಚಿತು, ಬಾಯಿ ತೆರೆಯಿತು. ಹಾಡಿದರು. ಚೆನ್ನಾಗಿಯೇ ಹಾಡಿದರು, ಅದರಲ್ಲಿ ಮೋಸವಿಲ್ಲ. ರೂಢಿಯಂತೆ ಹನ್ನೊಂದು ಬಾಯಿ ಮುಚ್ಚಿದವು. ಮುಚ್ಚದೆ ಉಳಿದದ್ದು ಟೈಲರ್ ಮಗಳದು. ಆ ರೂಢಿ ಅವಳಿಗೆಲ್ಲಿಂದ ಬರಬೇಕು? ಎಲ್ಲರೂ ನಿಲ್ಲಿಸಿದರು, ಇನ್ನು ತನ್ನ ಸರದಿ ಎಂದು ಹುಡುಗಿ ಎದೆ ತುಂಬ ಉಸಿರೆಳೆದು ಶ್ರುತಿ ಹಿಡಿದೇ ನಿಂತಳು. ಮೇಷ್ಟ್ರ ದನಿ ಆಗಲೇ ಜಾರಿ ಇಳಿಯುತ್ತಿತ್ತು. ಮೂವರನ್ನು ತಳ್ಳಿಕೊಂಡು ಹೋಗಿ ಅವಳ ಬಾಯಿಯನ್ನು ಎರಡೂ ಕೈಯಿಂದ ಅದುಮಿದೆ. ಅವಳು ನನ್ನ ಬೆರಳು ಕಚ್ಚಿದಳು. ಬಿಡಲಿಲ್ಲ.

ಮೇಷ್ಟ್ರು ಒಬ್ಬರೇ ಹಾಡಿ ಮುಗಿಸಿದರು.

ತೊಲೆಗಳು ಒಟ್ಟಿಗೇ ಚಟಚಟ ಎಂದವು. ಮೇಷ್ಟ್ರು ಕಣ್ಣು ತೆರೆಯುವಷ್ಟರಲ್ಲಿ ಕೂದಲು ಬೆಳ್ಳಗಾಗಿ ಉದುರತೊಡಗಿತ್ತು. ಎತ್ತಿದ ಕೈ ಇಳಿಯುವ ಮೊದಲೇ ಬೆನ್ನು ಬಾಗಿ ನೆಲಕ್ಕೆ ಬಿದ್ದರು. ಯಾರೂ ಹಿಡಿಯಲು ಹೋಗಲಿಲ್ಲ. ಬಡಗಿ ಗೋಡೆಯ ಕಡೆ ತಿರುಗಿದ. ಹುಡುಗಿ ನನ್ನ ಸೆರಗಿನಲ್ಲಿ ಮುಖ ಮುಚ್ಚಿಕೊಂಡಳು. ನನ್ನ ಹೊಟ್ಟೆ ತಣ್ಣಗಾಯಿತು, ಸುಳ್ಳೇಕೆ ಹೇಳಲಿ. ಹತ್ತಿರ ಹೋಗಿ, ಆ ಮುಖದಲ್ಲಿ ಬಿದ್ದ ಸುಕ್ಕನ್ನೆಲ್ಲ ಕಣ್ತುಂಬ ನೋಡಿದೆ.

ಅವರು ನನ್ನ ಪಾದ ಹಿಡಿದುಕೊಂಡರು. "ತಾಯಿ, ಹಿಂದಕ್ಕೆ ಹಾಡೋಕೆ ಬರುತ್ತಾ? ನಿನಗೇನಾದ್ರೂ ದಾರಿ ಗೊತ್ತಾ?"

"ಗೊತ್ತಿದ್ದಿದ್ರೆ ನನ್ನ ತಂಗಿಗೆ ಹಾಡ್ತಿರ್ಲಿಲ್ವಾ ಮೇಷ್ಟ್ರೇ?" ಎಂದು ಕಾಲು ಬಿಡಿಸಿಕೊಂಡೆ.